ಕೇಕಿಗೆ ಮುಂಚಿನ ಯುರೋಪು

ಕಾಪುವಿನ ಯಜ್ಞೇಶ ಯುರೋಪಿನ ನೆಲ ಮೆಟ್ಟಿದವನಲ್ಲ. ಆದರೆ ಅಲ್ಲಿಯ ಯಾವ ದೇಶ ಯಾರ ಕೈಯಿಂದ ಯಾವಾಗ ಬಿಡಿಸಿಕೊಂಡಿತು, ಯಾವ ರಾಜ ಸಂವಿಧಾನದ ಮೇಲೆ ಕೈಯಿಟ್ಟು ಪ್ರಮಾಣ ಮಾಡಿದ, ಎಲ್ಲಿಯ ಜನ ರಾಜನೇ ಬೇಡವೆಂದು ಮತ ಹಾಕಿ ಅವನನ್ನು ಗಡಿ ದಾಟಿಸಿದರು, ಇವನ್ನೆಲ್ಲ ನಿದ್ದೆಯಲ್ಲಿ ಎಬ್ಬಿಸಿ ಕೇಳಿದರೂ ಹೇಳುತ್ತಿದ್ದ. ಯಾರೂ ಎಬ್ಬಿಸಿ ಕೇಳುತ್ತಿರಲಿಲ್ಲ ಎನ್ನುವುದು ಬೇರೆ ಮಾತು. ಹಾಗಾಗಿ ಎಚ್ಚರವಿರುವಾಗಲೇ ಅವನು ಎಲ್ಲರಿಗೂ ಹೇಳುತ್ತಿದ್ದ.

ಈ ವಿದ್ಯೆ ಅವನಿಗೆ ಬಂದದ್ದು ಪುಸ್ತಕದಿಂದಲ್ಲ, ಬಾಗಿಲ ಪಕ್ಕದಿಂದ. ದೋಹಾದ ವೆಸ್ಟ್ ಬೇಯ ದೊಡ್ಡ ಹೋಟೆಲೊಂದರಲ್ಲಿ ಅವನು ಬ್ಯಾಂಕ್ವೆಟ್ ಮ್ಯಾನೇಜರ್, ಅಂದರೆ ಔತಣ ಸಮಾರಂಭಗಳ ಉಸ್ತುವಾರಿ. ಯುರೋಪಿನ ರಾಯಭಾರ ಕಚೇರಿಗಳವರು ತಮ್ಮ ತಮ್ಮ ರಾಷ್ಟ್ರೀಯ ದಿನವನ್ನು ಆ ಹೋಟೆಲಿನ ಸಭಾಂಗಣದಲ್ಲಿ ಆಚರಿಸುತ್ತಿದ್ದರು. ಎರಡು ರಾಷ್ಟ್ರಗೀತೆ, ರಾಯಭಾರಿಯ ಭಾಷಣ, ಆಮೇಲೆ ಕೇಕು. ಕೇಕೆಂದರೆ ಮಕ್ಕಳ ಹುಟ್ಟುಹಬ್ಬದ ಕೇಕಲ್ಲ. ಬಾವುಟದ ಬಣ್ಣದ, ಮೇಜಿನಷ್ಟು ಅಗಲದ ಕೇಕು, ಅದನ್ನು ಕತ್ತರಿಸಲು ಕತ್ತಿ. ಭಾಷಣದ ಕೊನೆಯ ವಾಕ್ಯ ಮುಗಿಯುವುದಕ್ಕೂ ಕೇಕಿನ ಗಾಡಿ ಒಳಗೆ ಬರುವುದಕ್ಕೂ ಸರಿಹೊಂದಬೇಕು. ಒಮ್ಮೆ ಯಾವುದೋ ದೇಶದವರು ಹುತಾತ್ಮರನ್ನು ನೆನೆದು ಮೌನವಾಗಿ ನಿಂತಿದ್ದಾಗ ಗಾಡಿ ಬಂದುಬಿಟ್ಟಿತು. ಅಂದಿನಿಂದ ಯಜ್ಞೇಶ ಯಾರನ್ನೂ ನಂಬದೆ ತಾನೇ ವಾಕಿಟಾಕಿ ಹಿಡಿದು ಬಾಗಿಲ ಬಳಿ ನಿಂತು ಪ್ರತಿಯೊಂದು ಭಾಷಣವನ್ನೂ ಅಕ್ಷರ ಬಿಡದೆ ಕೇಳುತ್ತಿದ್ದ. ಹೀಗೆ ಇಪ್ಪತ್ತು ವರ್ಷಕ್ಕೂ ಮಿಕ್ಕಿ ಕೇಳಿ ಅವನ ತಲೆಯೊಳಗೆ ಒಂದು ಯುರೋಪು ಕಟ್ಟಿಕೊಂಡಿತ್ತು.

ಆ ಯುರೋಪಿನಲ್ಲಿ ಎಲ್ಲ ಕಥೆಯೂ ಸುಖಾಂತ. ಜನ ಕಷ್ಟಪಡುತ್ತಾರೆ, ಕೆಲವು ಧೀರರು ಒಂದು ಕೋಣೆಯಲ್ಲಿ ಸೇರಿ ಕಾಗದ ಬರೆಯುತ್ತಾರೆ, ದೇಶ ಹುಟ್ಟುತ್ತದೆ, ಕೇಕು ಬರುತ್ತದೆ. ಸಾವಿರದ ಎಂಟುನೂರ ಹದಿನಾಲ್ಕರ ವಸಂತದಲ್ಲಿ ನಾರ್ವೆಯ ನೂರಾಹನ್ನೆರಡು ಜನ ಒಂದು ಬಂಗಲೆಯಲ್ಲಿ ಕೂತು ಕೆಲವೇ ವಾರಗಳಲ್ಲಿ ಸಂವಿಧಾನ ಬರೆದು ತಮಗೊಬ್ಬ ರಾಜನನ್ನೂ ಆರಿಸಿಕೊಂಡರು. ಇದನ್ನು ಕೇಳಿದಾಗಲೆಲ್ಲ ಯಜ್ಞೇಶನಿಗೆ ರೋಮಾಂಚನ. ಆ ರಾಜ ಚಳಿಗಾಲಕ್ಕೆ ಮೊದಲೇ ಕಿರೀಟ ಬಿಟ್ಟು ಹೋಗಬೇಕಾಯಿತು, ದೇಶ ಪಕ್ಕದ ಸ್ವೀಡನ್ನಿನ ದೊರೆಯ ಕೈಗೆ ಬಂತು ಎನ್ನುವುದು ಅವನಿಗೆ ಗೊತ್ತಿರಲಿಲ್ಲ. ಅದೆಲ್ಲ ಆದದ್ದು ಕೇಕಿನ ನಂತರ, ಮತ್ತು ಕೇಕಿನ ನಂತರದ ಇತಿಹಾಸವನ್ನು ಅತಿಥಿಗಳ ಮುಂದೆ ಯಾರೂ ಹೇಳುವುದಿಲ್ಲ. ದೂರದ ಬೆಟ್ಟ ನುಣ್ಣಗೆ ಎಂದು ನಮ್ಮ ಹಿರಿಯರು ಸುಮ್ಮನೆ ಹೇಳಿದ್ದಲ್ಲ.

ಅವನಿಗೊಂದು ಆಸೆಯಿತ್ತು. ಎಷ್ಟೋ ವೇದಿಕೆಗೆ ಮೈಕು ನಿಲ್ಲಿಸಿದವನು ಅವನು. ಆದರೆ ಆ ಮೈಕುಗಳಲ್ಲಿ ಅವನು ಮಾಡಿದ ಅತಿ ದೊಡ್ಡ ಭಾಷಣವೆಂದರೆ ‘ಹಲೋ, ಚೆಕ್, ಚೆಕ್’. ಒಂದೇ ಒಂದು ಸಲ, ಒಳ್ಳೆಯ ಸೂಟು ಹಾಕಿ, ತುಂಬಿದ ಸಭೆಯೆದುರು ಅಧ್ಯಕ್ಷನಾಗಿ ನಿಂತು ಮಾತಾಡಬೇಕು. ರಾಯಭಾರಿಯಾಗುವ ಯೋಗ ಈ ಜನ್ಮದಲ್ಲಿ ಇರಲಿಲ್ಲ. ಆದರೆ ಅಲ್ಲಿಯ ಕನ್ನಡಿಗರ ಸಂಘವಾದ ಮರುಭೂಮಿ ಕನ್ನಡ ಬಳಗದ ಅಧ್ಯಕ್ಷನಾಗಲು ಏನಡ್ಡಿ?

ಅಡ್ಡಿಯ ಹೆಸರು ಮುನಿಯಪ್ಪ. ಕೋಲಾರದ ಕಡೆಯವರು, ಲಾರಿ ಬಾಡಿಗೆಯ ವ್ಯವಹಾರ, ಧಾರಾಳ ಮನುಷ್ಯ. ಬಳಗ ಹುಟ್ಟಿದಾಗ ಅಧ್ಯಕ್ಷರಾದವರು ಇನ್ನೂ ಇಳಿದಿರಲಿಲ್ಲ. ಪ್ರತಿ ಯುಗಾದಿಗೆ ಸಭೆ ಸೇರುತ್ತಿತ್ತು. ಊಟಕ್ಕೆ ಮೊದಲು ಯಾರಾದರೊಬ್ಬರು ಎದ್ದು “ಮುನಿಯಪ್ಪನೋರೇ ಮುಂದುವರೀಲಿ” ಎನ್ನುತ್ತಿದ್ದರು, ಹಸಿದವರು ಚಪ್ಪಾಳೆ ತಟ್ಟುತ್ತಿದ್ದರು. ಅಷ್ಟೇ ಚುನಾವಣೆ. ಮುನಿಯಪ್ಪ ಪ್ರತಿ ವರ್ಷವೂ ಬೇಡ ಬೇಡ ಎನ್ನುತ್ತಲೇ ಹಾರಕ್ಕೆ ತಲೆ ಬಗ್ಗಿಸುತ್ತಿದ್ದರು.

ಪೋಲೆಂಡಿನವರ ಮೇ ಮೂರರ ಸಮಾರಂಭ ಮುಗಿಸಿ ಬಂದ ಮರುದಿನವೇ ಯಜ್ಞೇಶ ಮುನಿಯಪ್ಪನವರ ಮನೆಗೆ ಹೋದ. “ಮುನಿಯಪ್ಪಣ್ಣ, ಬಳಗಕ್ಕೊಂದು ಸಂವಿಧಾನ ಬೇಕು” ಎಂದ. ಪೋಲೆಂಡಿನಲ್ಲಿ ಒಬ್ಬ ಸದಸ್ಯ ಎದ್ದು ಬೇಡ ಅಂದರೆ ಸಂಸತ್ತೇ ಬರಖಾಸ್ತಾಗುತ್ತಿತ್ತು, ಸಾವಿರದ ಏಳುನೂರ ತೊಂಬತ್ತೊಂದರಲ್ಲಿ ಸಂವಿಧಾನ ಬರೆದು ಆ ಪದ್ಧತಿ ತೆಗೆದುಹಾಕಿದರು ಎಂದು ವಿವರಿಸಿದ. ಮುನಿಯಪ್ಪ ಬೇಸರವಿಲ್ಲದೆ ಕೇಳಿದರು. ಸಿಟ್ಟಾಗುತ್ತಾರೆ, ಜಗಳವಾಗುತ್ತದೆ, ಆ ಜಗಳದಲ್ಲಿ ತಾನು ಧೀರನಾಗಿ ಕಾಣುತ್ತೇನೆ ಎಂದು ಲೆಕ್ಕ ಹಾಕಿದ್ದ ಯಜ್ಞೇಶನಿಗೆ ನಿರಾಸೆಯೇ ಆಯಿತು.

“ಬರ್ಕೊಂಡ್ ಬನ್ನಿ ಯಜ್ಞೇಶಪ್ಪ,” ಎಂದರು ಮುನಿಯಪ್ಪ. “ನಾನೇ ಬಿಡುಗಡೆ ಮಾಡ್ತೀನಿ. ನಂಗೇನು ಕುರ್ಚಿ ಆಸೇನಾ?”

ಸಂವಿಧಾನ ಬರೆದದ್ದು ಬಿನ್ ಮಹಮೂದ್ ಬಡಾವಣೆಯ ಯಜ್ಞೇಶನ ಫ್ಲ್ಯಾಟಿನಲ್ಲಿ. ಬರೆದವರು ನೂರಾಹನ್ನೆರಡು ಜನವಲ್ಲ, ಇಬ್ಬರು. ಇನ್ನೊಬ್ಬ ಕಿನ್ನಿಗೋಳಿಯ ಫ್ಲಾಯ್ಡ್, ಯಾವುದೋ ಕಂಪನಿಯಲ್ಲಿ ಆಡಿಟರ್, ಬಳಗದ ಖಜಾಂಚಿ. ಮುಖ್ಯ ಪ್ರಶ್ನೆ ಬಂತು. ಮತ ಯಾರಿಗೆ?

“ಫ್ಯಾಮಿಲಿಗೆ ಒಂದೇ ವೋಟು ಇಡುವ ಮಾರಾಯ,” ಎಂದ ಫ್ಲಾಯ್ಡ್. “ಇಲ್ಲಾಂದ್ರೆ ಮುನಿಯಪ್ಪಣ್ಣನ ಮನೆಯಿಂದ್ಲೇ ಒಂದು ವ್ಯಾನು ವೋಟು ಬರ್ತದೆ. ತಾಯಿ, ಹೆಂಡ್ತಿ, ಇಬ್ರು ಹೆಣ್ಮಕ್ಕಳು, ಕಾಲೇಜಿಗೆ ಹೋಗುವ ಮಗ, ಎಲ್ಲ ಇಲ್ಲೇ ಉಂಟಲ್ಲ.”

“ಫ್ಯಾಮಿಲಿಯಲ್ಲಿ ಹಾಕೂದು ಯಾರು?”

“ಉಳಿದವರ ವೀಸಾ ಯಾರ ಮೇಲೆ ಉಂಟೋ ಅವ. ಐಡಿ ನೋಡಿದ್ರೆ ಸ್ಪಾನ್ಸರ್ ಯಾರೂಂತ ಗೊತ್ತಾಗ್ತದೆ. ತಕರಾರಿಲ್ಲ.”

ಕತಾರಿನಲ್ಲಿ ಬದುಕಿದವರಿಗೆ ಮಾತ್ರ ಹೊಳೆಯುವ ಉಪಾಯ ಅದು. ಅಲ್ಲಿ ಮನುಷ್ಯನೆಂದರೆ ಮೊದಲು ವೀಸಾ, ಆಮೇಲೆ ಉಳಿದದ್ದು. ಯಜ್ಞೇಶನಿಗೆ ಅದು ಬೆಣ್ಣೆಯಲ್ಲಿ ಕೂದಲು ತೆಗೆದಷ್ಟು ನಯವಾಗಿ ಕಂಡಿತು. ಸ್ಪಾನ್ಸರ್ ಆದವರೇ ಸದಸ್ಯರು, ಒಂಟಿಯಾಗಿರುವವರು ತಮ್ಮ ಪಾಲಿಗೆ ತಾವೇ ಸದಸ್ಯರು, ಸದಸ್ಯರಿಗಷ್ಟೇ ಮತ, ಸದಸ್ಯರಿಗಷ್ಟೇ ಸ್ಪರ್ಧೆ ಎಂದು ಬರೆದ.

ಪಕ್ಕದಲ್ಲೇ ಯಜ್ಞೇಶನ ಹೆಂಡತಿ ರಶ್ಮಿತಾ ಡ್ಯೂಟಿಯ ಸಮವಸ್ತ್ರಕ್ಕೆ ಇಸ್ತ್ರಿ ಹಾಕುತ್ತಿದ್ದಳು. ಅವಳು ಆಸ್ಪತ್ರೆಯೊಂದರಲ್ಲಿ ನರ್ಸು. ಬಳಗದಲ್ಲಿ ಅವಳಿಗೆ ಯಾವ ಹುದ್ದೆಯೂ ಇರಲಿಲ್ಲ, ಕೆಲಸ ಮಾತ್ರ ಎಲ್ಲವೂ ಇತ್ತು. ಮಕ್ಕಳಿಗೆ ನೃತ್ಯ ಕಲಿಸುವುದು, ಇನ್ನೂರು ಜನರ ಅಡುಗೆಗೆ ತರಕಾರಿ ಹೆಚ್ಚುವುದು, ಜ್ವರ ಬಂದವರಿಗೆ ಫೋನಿನಲ್ಲೇ ಮಾತ್ರೆ ಹೇಳುವುದು. ಮನೆಯ ಮಾತು ತುಳು. ಇಲ್ಲಿ ಕನ್ನಡದಲ್ಲಿ ಬರೆದದ್ದು ಓದುವವರ ಅನುಕೂಲಕ್ಕೆ.

“ಅದ್ರಲ್ಲಿ ನಾನೆಲ್ಲಿದ್ದೇನೆ?” ಎಂದು ಕೇಳಿದಳು.

“ನೀನು ನನ್ನೊಳಗೆ ಇದ್ದಿ,” ಎಂದ ಯಜ್ಞೇಶ. ಹೇಳಿದ ಮೇಲೆ ಮಾತು ಚೆನ್ನಾಗಿದೆ ಅನ್ನಿಸಿತು.

“ನಿಮ್ಮೊಳಗೆ ಅಸಿಡಿಟಿ ಉಂಟು. ಬೇರೆ ಯಾರೂ ಇಲ್ಲ,” ಎಂದಳು ರಶ್ಮಿತಾ, ಇಸ್ತ್ರಿಪೆಟ್ಟಿಗೆ ಎತ್ತದೆಯೇ.

ಕೆಲವು ವಾರಗಳ ನಂತರ ಸ್ವಿಟ್ಜರ್ಲೆಂಡಿನವರ ಸಮಾರಂಭ. ಅವರ ದಿನ ಬರುವುದು ಆಗಸ್ಟಿನಲ್ಲಿ. ಆಗಸ್ಟಿನ ದೋಹಾದಲ್ಲಿ ಅತಿಥಿಗಳೇ ಸಿಗುವುದಿಲ್ಲವೆಂದು ಆ ವರ್ಷ ಅವರು ದೇಶದ ಹುಟ್ಟನ್ನು ಜೂನಿಗೇ ಆಚರಿಸಿಬಿಟ್ಟರು. ಭಾಷಣ ಮಾಡಿದಾಕೆ, ಸಾವಿರದ ಇನ್ನೂರ ತೊಂಬತ್ತೊಂದರಲ್ಲಿ ಹುಟ್ಟಿದ ತಮ್ಮ ದೇಶದಲ್ಲಿ ಹೆಂಗಸರಿಗೆ ರಾಷ್ಟ್ರದ ಚುನಾವಣೆಯಲ್ಲಿ ಮತ ಸಿಕ್ಕಿದ್ದು ಸಾವಿರದ ಒಂಬೈನೂರ ಎಪ್ಪತ್ತೊಂದರಲ್ಲಿ, ಗಂಡಸರ ಮತದಿಂದ ಎಂದು ನಗುತ್ತಲೇ ಹೇಳಿದರು. ಯಜ್ಞೇಶ ಮನೆಗೆ ಬಂದವನೇ ಇದನ್ನು ಹೆಂಡತಿಗೆ ಸಮಾಧಾನವೆಂದು ಹೇಳಿದ. “ನೋಡು, ಸ್ವಿಸ್‌ನವರೇ ಏಳ್ನೂರು ವರ್ಷ ತಗೊಂಡ್ರು. ಎಲ್ಲದಕ್ಕೂ ಒಂದು ಕಾಲ ಬರ್ಬೇಕು.”

“ಹೌದಾ,” ಎಂದಳು ರಶ್ಮಿತಾ. “ನನ್ನ ವೀಸಾಕ್ಕೆ ಅಷ್ಟು ವ್ಯಾಲಿಡಿಟಿ ಇಲ್ಲ.”

ಸಂವಿಧಾನ ಬಿಡುಗಡೆಯಾಯಿತು. ಮುನಿಯಪ್ಪ ರೇಷ್ಮೆ ಪಂಚೆಯುಟ್ಟು, ಅದನ್ನು ತಟ್ಟೆಯಲ್ಲಿಟ್ಟು ಅರಿಶಿನ ಕುಂಕುಮ ಹಚ್ಚಿ ಬಿಡುಗಡೆ ಮಾಡಿದರು. ಬಳಗಕ್ಕೆ ಸಂವಿಧಾನ ಕೊಟ್ಟವರು ಮುನಿಯಪ್ಪ ಎಂದು ಎಲ್ಲರೂ ಹೊಗಳಿದರು. ಸಭೆಗೆ ಮೈಕು ಜೋಡಿಸಿದವನು ಯಜ್ಞೇಶ. ಅಕ್ಟೋಬರಿಗೆ ಚುನಾವಣೆಯೆಂದು ನಿಶ್ಚಯವಾಯಿತು, ಯಾರು ಗೆದ್ದರೂ ನವೆಂಬರಿನ ರಾಜ್ಯೋತ್ಸವಕ್ಕೆ ಅಧ್ಯಕ್ಷರು. ಯಜ್ಞೇಶ ಸೂಟಿಗೆ ಅಳತೆ ಕೊಟ್ಟುಬಂದ.

ಜುಲೈಯಲ್ಲಿ ಹೋಟೆಲಿನ ಆಡಳಿತ ಬದಲಾಯಿತು. ಹೊಸಬರು ಬ್ಯಾಂಕ್ವೆಟ್ ಕೆಲಸವನ್ನೆಲ್ಲ ಹೊರಗುತ್ತಿಗೆಗೆ ಕೊಟ್ಟರು. ಎಚ್.ಆರ್.ನ ಹುಡುಗಿ ಬಹಳ ಮರ್ಯಾದೆಯಿಂದ ಮಾತಾಡಿ ಅವನ ಕೈಗೆ ಲಕೋಟೆ ಕೊಟ್ಟಳು. ಖಲಾಸ್. ಐವತ್ತರ ಮೇಲೆ ಇನ್ನೊಂದು ಕೆಲಸ ಕೂಡಲೇ ಸಿಗುವ ಮಾತಲ್ಲ. ಮಗಳು ಮೋಕ್ಷಾ ಹತ್ತನೇ ಕ್ಲಾಸು, ನಡುವೆ ಊರಿಗೆ ಹೊರಡುವಂತಿಲ್ಲ. ರಶ್ಮಿತಾ ಎರಡು ದಿನ ರಜೆ ಹಾಕಿ, ಆಸ್ಪತ್ರೆಯಿಂದ ಒಪ್ಪಿಗೆ ತಂದು, ಕಚೇರಿಯಿಂದ ಕಚೇರಿಗೆ ಓಡಾಡಿ, ಗಂಡನನ್ನೂ ಮಗಳನ್ನೂ ತನ್ನ ಸ್ಪಾನ್ಸರ್‌ಶಿಪ್ಪಿಗೆ ಹಾಕಿಸಿಕೊಂಡಳು. ಅವಳು ಅದನ್ನು ಗ್ಯಾಸ್ ಸಿಲಿಂಡರ್ ಬದಲಿಸಿದಷ್ಟು ಸಲೀಸಾಗಿ ಮಾಡಿದಳು. ಯಜ್ಞೇಶ ಹೊಸ ಐಡಿಯನ್ನು ಪರ್ಸಿನಲ್ಲಿಟ್ಟುಕೊಂಡ. ಬಳಗ ಆ ಹೊತ್ತಿನಲ್ಲಿ ಅವನ ನೆನಪಿಗೇ ಬರಲಿಲ್ಲ.

ನೆನಪು ಮಾಡಿದವನು ಫ್ಲಾಯ್ಡ್. ಸಂವಿಧಾನದ ಪ್ರಕಾರ ಅವನೇ ಚುನಾವಣಾಧಿಕಾರಿ. ಸೆಪ್ಟೆಂಬರಿನ ಒಂದು ಶುಕ್ರವಾರ ಯಜ್ಞೇಶ ನಾಮಪತ್ರ ಹಿಡಿದು ಹೋದಾಗ ಫ್ಲಾಯ್ಡ್ ಅದನ್ನು ಮುಟ್ಟಲೇ ಇಲ್ಲ.

“ಇದನ್ನು ತಗೊಳ್ಳಿಕ್ಕೆ ಆಗೂದಿಲ್ಲ ಮಾರಾಯ.”

“ಯಾಕೆ?”

“ನೀನೀಗ ಸದಸ್ಯನೇ ಅಲ್ಲ. ನಿಮ್ಮ ಮನೆಯ ಸದಸ್ಯೆ ರಶ್ಮಿತಾ. ನಿನಗೆ ವೋಟೂ ಇಲ್ಲ.” ಫ್ಲಾಯ್ಡ್ ನೆಲ ನೋಡಿದ. “ಬರೆದದ್ದು ನಾವೇ ಅಲ್ವಾ.”

ಮಾಡಿದ್ದುಣ್ಣೋ ಮಹರಾಯ ಎನ್ನುತ್ತಾರೆ. ಉಣ್ಣುವವನಿಗೆ ಅದರ ರುಚಿ ಗೊತ್ತು. ಯಜ್ಞೇಶ ಈ ಸಲದ ಮಟ್ಟಿಗೆ ನಿಯಮ ಸಡಿಲಿಸಬಹುದೇ ಎಂದು ಮುನಿಯಪ್ಪನವರಿಗೆ ಫೋನು ಮಾಡಿ ಕೇಳಿದ. ಅಷ್ಟು ವರ್ಷ ಯಾವ ನಿಯಮವೂ ಇಲ್ಲದೆ ಬಳಗ ನಡೆಸಿದ ಮುನಿಯಪ್ಪನವರಿಗೆ ಈಗ ನಿಯಮದ ಮೇಲೆ ಎಲ್ಲಿಲ್ಲದ ಭಕ್ತಿ ಬಂದಿತ್ತು. “ನಂಗೇನೂ ಅಭ್ಯಂತರ ಇಲ್ಲ ಯಜ್ಞೇಶಪ್ಪ,” ಎಂದರು. “ಆದ್ರೆ ಸಂವಿಧಾನದ ಮುಂದೆ ನಾನೆಷ್ಟರೋನು?”

ಅವನಿಗೆ ತೀರಾ ಅವಮಾನವಾಯಿತು. ಕೆಲಸ ಹೋದ ದಿನ ಗಟ್ಟಿಯಾಗಿ ನಿಂತವನು ಅಂದು ಬಾತ್‌ರೂಮಿನಲ್ಲಿ ನಲ್ಲಿ ತಿರುಗಿಸಿಟ್ಟು ಅತ್ತ. ದೇಶ ಹೋಗಲಿ, ಒಂದು ಬಳಗದಲ್ಲೂ ತನಗೆ ಜಾಗವಿಲ್ಲ ಅನ್ನಿಸಿತು. ಹೊರಗೆ ಬಂದಾಗ ರಶ್ಮಿತಾ ಕಾಯುತ್ತಿದ್ದಳು.

“ನಾನು ನಿಲ್ತೇನೆ,” ಎಂದಳು.

ಯಜ್ಞೇಶನ ಮುಖ ಒಂದೇ ಕ್ಷಣದಲ್ಲಿ ಅರಳಿತು. ಅವನ ಕಣ್ಣ ಮುಂದೆ ಬಂದದ್ದು ಯುರೋಪಲ್ಲ, ಊರಿನ ಪಂಚಾಯತಿ. ಮೀಸಲಾತಿಯಲ್ಲಿ ಹೆಂಡತಿ ಅಧ್ಯಕ್ಷೆ, ಪಕ್ಕದ ಕುರ್ಚಿಯಲ್ಲಿ ಗಂಡ. ಹೆಂಡತಿಯದು ಸಹಿ, ಗಂಡನದು ಮಾತು. ಹಾವೂ ಸಾಯುತ್ತದೆ, ಕೋಲೂ ಮುರಿಯುವುದಿಲ್ಲ. ಅಂದೇ ಕೂತು ಅವಳಿಗಾಗಿ ಚುನಾವಣಾ ಭಾಷಣ ಬರೆದ. ಅದರಲ್ಲಿ ನಾರ್ವೆ ಎರಡು ಸಲ, ಪೋಲೆಂಡ್ ಮೂರು ಸಲ ಬಂದವು. ರಶ್ಮಿತಾ ಅದನ್ನು ಮಡಚಿ ಸಮವಸ್ತ್ರದ ಜೇಬಿಗಿಟ್ಟಳು, ಆ ಸಮವಸ್ತ್ರ ವಾಷಿಂಗ್ ಮಷಿನ್ನಿಗೆ ಹೋಯಿತು.

ಅವಳು ಪ್ರಚಾರ ಮಾಡಲಿಲ್ಲ. ದೋಹಾದಾಚೆಯ ಅಲ್ ಖೋರ್ ಪಟ್ಟಣದ ಹುಡುಗರಿಗೆ, ಅಂದರೆ ಅಲ್ಲಿ ರೂಮು ಮಾಡಿಕೊಂಡಿರುವ ಬ್ರಹ್ಮಚಾರಿಗಳಿಗೆ, ಎಂದಿನಂತೆ ಫೋನು ಮಾಡಿ ಸಕ್ಕರೆ ಎಷ್ಟಿದೆ, ಬಿ.ಪಿ. ನೋಡಿಸಿದಿರಾ ಎಂದು ಕೇಳಿದಳು. ಫ್ಯಾಮಿಲಿಗೆ ಒಂದೇ ಮತವಾದ್ದರಿಂದ ಈ ಒಂಟಿ ಹುಡುಗರ ಮತಕ್ಕೆ ಇದ್ದಕ್ಕಿದ್ದಂತೆ ತೂಕ ಬಂದಿತ್ತು. ಬರೆಯುವಾಗ ಅದು ಯಾರ ಗಮನಕ್ಕೂ ಬಂದಿರಲಿಲ್ಲ. ಚುನಾವಣೆಯ ದಿನ ಅವರೆಲ್ಲ ಒಂದು ಬಸ್ಸು ಮಾಡಿಕೊಂಡು ಬಂದಿಳಿದರು. ಅರ್ಧ ಜನಕ್ಕೆ ಬಳಗದ ಹೆಸರು ಸರಿಯಾಗಿ ಗೊತ್ತಿರಲಿಲ್ಲ. ರಶ್ಮಿತಕ್ಕ ಗೊತ್ತಿದ್ದಳು.

ಈ ಸಲವೂ ಬೇಡ ಬೇಡ ಎನ್ನುತ್ತಲೇ ನಿಂತಿದ್ದ ಮುನಿಯಪ್ಪ ಸೋತರು. ಸೋತವರೇ ಮೊದಲು ಎದ್ದು ನಿಂತು ಚಪ್ಪಾಳೆ ತಟ್ಟಿದರು. ಆಮೇಲೆ ಯಾರೋ ಒಬ್ಬರು, ಯಾರು ಹೇಳಿಕೊಟ್ಟದ್ದೆಂದು ಎಲ್ಲರಿಗೂ ಗೊತ್ತು, ಮುನಿಯಪ್ಪನವರನ್ನು ಆಜೀವ ಗೌರವಾಧ್ಯಕ್ಷರೆಂದು ಘೋಷಿಸಬೇಕೆಂದು ಸೂಚಿಸಿದರು. ಅಧಿಕಾರವಿಲ್ಲ, ಮೊದಲ ಸಾಲಿನ ನಡುವಿನ ಕುರ್ಚಿ ಉಂಟು, ದೀಪ ಹಚ್ಚುವ ಹಕ್ಕುಂಟು, ಪ್ರತಿ ಫೋಟೋದಲ್ಲೂ ಜಾಗವುಂಟು. ಯುರೋಪಿನ ಅರ್ಧ ರಾಜರು ಬದುಕಿ ಉಳಿದದ್ದು ಇದೇ ಒಪ್ಪಂದದ ಮೇಲೆ. ಮುನಿಯಪ್ಪ ಇದನ್ನು ಯಾರ ಭಾಷಣವನ್ನೂ ಕೇಳದೆ ಕಂಡುಕೊಂಡಿದ್ದರು.

ಹೊಸ ಸಮಿತಿಯ ಮೊದಲ ಸಭೆ ಅಧ್ಯಕ್ಷೆಯ ಮನೆಯಲ್ಲೇ ನಡೆಯಿತು. ಯಜ್ಞೇಶ ಊಟದ ಮೇಜಿನ ಕುರ್ಚಿಯೊಂದನ್ನು ತಂದು ಹೆಂಡತಿಯ ಪಕ್ಕಕ್ಕೆ ಹಾಕಿ ಕೂತು ಗಂಟಲು ಸರಿಮಾಡಿಕೊಂಡ.

“ಇದು ಸದಸ್ಯರ ಮೀಟಿಂಗಲ್ವಾ?” ಎಂದಳು ರಶ್ಮಿತಾ, ಮೆಲ್ಲಗೆ.

ಅವನು ಎದ್ದು ಮಲಗುವ ಕೋಣೆಗೆ ಹೋದ. ಮೋಕ್ಷಾ ಮಂಚದ ಮೇಲೆ ಚರಿತ್ರೆಯ ಪುಸ್ತಕ ಹರಡಿಕೊಂಡಿದ್ದಳು. ಸುಮ್ಮನಿರಲಾರದೆ ಅವಳಿಗೆ ಪೋಲೆಂಡಿನ ಮೇ ಮೂರರ ಕಥೆ ಶುರುಮಾಡಿದ.

“ಗೊತ್ತಪ್ಪ,” ಎಂದಳು ಮಗಳು. “ನಾಲ್ಕು ವರ್ಷದಲ್ಲಿ ಆ ಕಂಟ್ರಿಯೇ ಡಿಲೀಟ್ ಆಯ್ತಲ್ಲ. ಮೂರು ನೇಬರ್ಸ್ ಶೇರ್ ಮಾಡಿ ತಗೊಂಡ್ರು. ಮತ್ತೆ ಬಂದದ್ದು ಫಸ್ಟ್ ವರ್ಲ್ಡ್ ವಾರ್ ಆದ್ಮೇಲೆ.”

“ಹಾಗೆಂತ ಯಾರು ಹೇಳಿದ್ದು?”

“ಬುಕ್ಕಲ್ಲುಂಟು.”

ಅಷ್ಟು ವರ್ಷ ಅವರ ಬಾವುಟ ಕಟ್ಟಿ, ಅವರ ಗೀತೆಗೆ ನೆಟ್ಟಗೆ ನಿಂತವನಿಗೆ ಈ ಒಂದು ಮಾತನ್ನು ಯಾರೂ ಹೇಳಿರಲಿಲ್ಲವಲ್ಲ ಎಂದು ಯಜ್ಞೇಶನಿಗೆ ನಿಜವಾಗಿಯೂ ದುಃಖವಾಯಿತು. ಬಾಗಿಲಿನಾಚೆ ಸಭೆ ನಡೆದೇ ಇತ್ತು. ಗಂಡ ಹೆಂಡತಿ ಇಬ್ಬರಿಗೂ ಮತ ಕೊಡಬೇಕು ಎಂಬ ಮಾತು ಬಂತು. ಅವನು ಬಾಗಿಲಿಗೆ ಕಿವಿಯಿಟ್ಟ. “ಕೊಡುವ,” ಎಂದಳು ಅಧ್ಯಕ್ಷೆ. “ಈಗಲೇ ಎಂತ ಅವಸರ? ಒಂದು ಉಪಸಮಿತಿ ಮಾಡುವ.” ಫ್ಲಾಯ್ಡ್ ಅದನ್ನು ಬರೆದುಕೊಂಡ.

ಅವಳಿಗೆ ಗಂಡನ ಆಸೆ ಗೊತ್ತಿಲ್ಲದೆ ಇರಲಿಲ್ಲ. ಹೊಲಿಸಿದ ಸೂಟು ಕಪಾಟಿನಲ್ಲಿ ತೂಗುತ್ತಿತ್ತು. ರಾಜ್ಯೋತ್ಸವಕ್ಕೆ ಸ್ವಾಗತ, ಪ್ರಾಸ್ತಾವಿಕ, ಅಧ್ಯಕ್ಷೀಯ ಭಾಷಣ, ಎಲ್ಲಕ್ಕೂ ಸದಸ್ಯರೇ ಆಗಬೇಕೆಂದು ಯಜ್ಞೇಶ ತಾನೇ ಬರೆದಿಟ್ಟಿದ್ದ. ವಂದನಾರ್ಪಣೆಯೊಂದನ್ನು ಮಾತ್ರ ಬರೆಯುವಾಗ ಯಾರೂ ಲೆಕ್ಕಕ್ಕೆ ಹಿಡಿದಿರಲಿಲ್ಲ. “ಅದನ್ನು ನೀವು ಮಾಡಿ,” ಎಂದಳು ರಶ್ಮಿತಾ. “ಎಷ್ಟು ಹೊತ್ತು ಬೇಕಾದ್ರೂ ಮಾತಾಡಿ.”

ವಂದನಾರ್ಪಣೆಯೆಂದರೇನು ಎಂದು ಕನ್ನಡ ಸಭೆಗಳಿಗೆ ಹೋದವರಿಗೆ ಹೇಳಬೇಕಾಗಿಲ್ಲ. ಕಾರ್ಯಕ್ರಮ ಮೂರು ತಾಸು ನಡೆಯಿತು. ಮುನಿಯಪ್ಪ ದೀಪ ಹಚ್ಚಿದರು, ಮಕ್ಕಳು ಕುಣಿದರು, ರಶ್ಮಿತಾ ಕಾಗದವಿಲ್ಲದೆ ನಾಲ್ಕೇ ಮಾತು ಆಡಿ ಕೂತಳು. ಕೊನೆಗೆ ಯಜ್ಞೇಶ ಸೂಟಿನ ಗುಂಡಿ ಹಾಕಿಕೊಂಡು ಮೈಕಿನ ಮುಂದೆ ಬಂದು ನಿಂತ. ಅದೇ ಗಳಿಗೆಯಲ್ಲಿ ಹಿಂಬದಿಯಲ್ಲಿ ಯಾರೋ ಬಿಸಿಬೇಳೆಬಾತಿನ ಮುಚ್ಚಳ ತೆಗೆದರು. ಕೊನೆಯ ಮಾತು ಮುಗಿಯುವ ಮೊದಲು ಊಟದ ಪಾತ್ರೆ ತೆರೆಯಬಾರದೆಂಬುದು ಬ್ಯಾಂಕ್ವೆಟ್ ವಿದ್ಯೆಯ ಮೊದಲ ಪಾಠ. ಅದನ್ನು ಅಲ್ಲಿದ್ದವರಲ್ಲಿ ಒಬ್ಬನೇ ಒಬ್ಬ ಬಲ್ಲವನು ವೇದಿಕೆಯ ಮೇಲಿದ್ದ. ಅವನು “ಮಹನೀಯರೇ” ಎನ್ನುವಷ್ಟರಲ್ಲಿ ಹಿಂದಿನ ಸಾಲುಗಳು ಎದ್ದವು. ನಾರ್ವೆಗೆ ಬರುವ ಹೊತ್ತಿಗೆ ನಡುವಿನ ಸಾಲುಗಳು ಖಾಲಿ. ಮುನಿಯಪ್ಪ ಕೈಮುಗಿದು ಕ್ಷಮೆ ಕೇಳಿ, ಸಕ್ಕರೆ ಕಾಯಿಲೆಯೆಂದು ಸನ್ನೆ ಮಾಡಿ ಹೊರಟರು.

ಯಜ್ಞೇಶ ನಿಲ್ಲಿಸಲಿಲ್ಲ. ಜೀವಮಾನವೆಲ್ಲ ಕಾದ ಮೈಕು ಅದು. ಸಭಾಂಗಣ ಕೊಟ್ಟವರನ್ನು, ಧ್ವನಿವರ್ಧಕದವರನ್ನು, ಗೌರವಾಧ್ಯಕ್ಷರನ್ನು, ಚುನಾವಣಾಧಿಕಾರಿಯನ್ನು, ಅಲ್ ಖೋರಿನ ಬಸ್ಸಿನ ಡ್ರೈವರ್ ಅಬ್ದುಲ್ ಲತೀಫರನ್ನು, ಸಂವಿಧಾನವೆಂಬುದನ್ನು ಲೋಕಕ್ಕೆ ಕೊಟ್ಟ ಮಹಾನುಭಾವರನ್ನು, ಒಬ್ಬೊಬ್ಬರನ್ನೇ ನೆನೆದು ವಂದಿಸಿದ. ಧ್ವನಿ ಚೆನ್ನಾಗಿತ್ತು. ಮೊದಲ ಸಾಲಿನ ಖಾಲಿ ಕುರ್ಚಿಗಳ ನಡುವೆ ಕೂತು ಕೇಳುತ್ತಿದ್ದವಳು ರಶ್ಮಿತಾ ಒಬ್ಬಳೇ. ಯಾರೋ ಊಟಕ್ಕೆ ಕರೆಯಲು ಬಂದಾಗ “ನಮ್ಮವರು ಮಾತಾಡ್ತಾ ಇದ್ದಾರೆ” ಎಂದು ಕೈಯೆತ್ತಿ ತಡೆದಳು. ಕೊನೆಗೆ ಅವನು ಜೈ ಕರ್ನಾಟಕ ಎಂದು ಹೇಳಿ ಮುಗಿಸಿದ, ಅವಳು ಚಪ್ಪಾಳೆ ತಟ್ಟಿದಳು.

ಕೆಳಗಿಳಿದು ಬಂದವನ ಹಣೆಯಲ್ಲಿ ಬೆವರಿತ್ತು. “ಹೇಗಾಯ್ತು?” ಎಂದು ಕೇಳಿದ.

“ಚಂದ ಆಯ್ತು. ಯಾರನ್ನೂ ಬಿಡ್ಲಿಲ್ಲ ನೀವು,” ಎಂದಳು ರಶ್ಮಿತಾ. “ನನ್ನನ್ನು ಮಾತ್ರ ಬಿಟ್ಟಿರಿ.”

ಯಜ್ಞೇಶ ಮನಸ್ಸಿನಲ್ಲೇ ಹೆಸರುಗಳನ್ನು ಮತ್ತೊಮ್ಮೆ ಓಡಿಸಿ ನೋಡಿದ. ಬಸ್ಸಿನ ಡ್ರೈವರು ಇದ್ದ, ಅವಳಿರಲಿಲ್ಲ. ಅವನು ಬೇಗಬೇಗ ವೇದಿಕೆಗೆ ಮರಳಿದ. ಧ್ವನಿವರ್ಧಕದವರು ಅಷ್ಟರಲ್ಲಿ ವಯರು ಸುತ್ತಿ ಮೈಕನ್ನು ಪೆಟ್ಟಿಗೆಗೆ ಹಾಕಿ ಊಟಕ್ಕೆ ಹೋಗಿದ್ದರು. ಅವನು ಅಲ್ಲೇ ನಿಂತು, ಎರಡೂ ಕೈ ಜೋಡಿಸಿ, ಬರಿಯ ಬಾಯಿಯಲ್ಲೇ ಅವಳ ಹೆಸರು ಹೇಳಿದ. ಊಟದ ಗದ್ದಲದಲ್ಲಿ ಅದು ಮೊದಲ ಸಾಲಿನ ತನಕವಷ್ಟೇ ಕೇಳಿಸಿತು.